ಯಾರೂ ಮುಟ್ಟದ ಫೈಲುಗಳು

ನಿನ್ನೆ ನಾನು ಬಸ್ಸಿನಲ್ಲಿ ಬಂದಿದ್ದ ಎಮ್ಮಿಗನೂರೆಂಬ ಹಳ್ಳಿ ಇವತ್ತು ಸ್ಕೂಟರಿಗೆ ಸಿಗಲೊಲ್ಲದು. ಕಬ್ಬಿನ ಹೊಲದ ಬದಿಯಲ್ಲಿದ್ದ ಅಜ್ಜನನ್ನು ಶರಣಮ್ಮನ ಕಂಪ್ಯೂಟರ್ ಅಂಗಡಿ ಎಲ್ಲಿ ಎಂದು ಕೇಳಿದೆ.

"ಎಡಕ್ಕ ಹೋಗ್ರಿ. ಆದ್ರ ಅದು ಬಂದ್ ಐತಿ. ಯಾರೋ ಹೊರಗಿನಾಕಿ ಕೆಡಿಸಿ ಹೋಗ್ಯಾಳಂತ."

ಆ ಹೊರಗಿನಾಕಿ ನಾನೇ. ಸ್ಕೂಟರನ್ನು ಎಡಕ್ಕೆ ತಿರುಗಿಸಿದೆ. ನಿನ್ನೆ ಟಿಕೆಟ್ ಪ್ರಿಂಟ್ ಮಾಡಿಸಲು ಹೋದವಳು, ಕಂಪ್ಯೂಟರ್ ನಿಧಾನವೆಂದು ಕೇಳದೆಯೇ ಉಪಕಾರಕ್ಕಿಳಿದಿದ್ದೆ. ಹೆಸರಿನ ಕೊನೆಗೆ ಡಿಎಲ್‌ಎಲ್ ಎಂದಿದ್ದ, ಯಾರೂ ತೆರೆಯದ ಫೈಲುಗಳನ್ನು ನನ್ನ ಪೆನ್‌ಡ್ರೈವಿಗೆ ಸಾಗಿಸಿ ಅಲ್ಲಿಂದ ಅಳಿಸಿದ್ದೆ. ಈಗ ಕನ್ನಡ ಟೈಪಿಂಗೂ ಇಲ್ಲ, ಲಗ್ನಪತ್ರಿಕೆಯ ಪ್ರೋಗ್ರಾಮೂ ತೆರೆಯದು ಎಂದು ಬೆಳಿಗ್ಗೆ ಶರಣಮ್ಮ ಫೋನ್ ಮಾಡಿದ್ದಳು. ಸಂಜೆಯೊಳಗೆ ಪತ್ರಿಕೆ ಕೊಡದಿದ್ದರೆ ಗಿರಾಕಿ ಕಂಪ್ಲಿ ಪೇಟೆಯ ಅಂಗಡಿಗೆ ಹೋಗುತ್ತಾನೆ.

ಅಂಗಡಿಗೆ ಹೋದರೆ ಶರಣಮ್ಮ ಬೈಯಲಿಲ್ಲ. "ಕುಂದ್ರಿ ಅಕ್ಕ. ನಮ್ಮ ಗುಡಿಯಾಗ ದೊಡ್ಡ ಕೊಪ್ಪರಿಗಿ ಐತಿ. ದಿನಾ ಯಾರೂ ಮುಟ್ಟಂಗಿಲ್ಲ, ಎಲ್ಲಾರ ಮದುವಿಗೂ ಅದೇ ಬೇಕು. ಹಂಗಂತ ಬೀಸಾಕ್ತೀರೇನು?"

ಪೆನ್‌ಡ್ರೈವ್ ಹಾಕಿ ನೋಡಿದರೆ, ಕೊಪ್ಪರಿಗೆಯ ಮೇಲೆ ಕೊಟ್ಟವರ ಹೆಸರು ಕೆತ್ತಿರುವಂತೆ ಪ್ರತಿ ಫೈಲಿನ ವಿವರದಲ್ಲೂ ಅದು ಯಾರದೆಂದು ಇತ್ತು. ಇದು ಕಂಪ್ಯೂಟರಿನದೇ, ಇದು ಎಂದೋ ಕೆಟ್ಟ ಪ್ರಿಂಟರಿನದು ಎಂದು ಇಬ್ಬರೂ ವಿಂಗಡಿಸಿದೆವು. ಟೈಪಿಂಗಿಗೂ ಪತ್ರಿಕೆಗೂ ಬೇಕಾದದ್ದು ಒಂದೇ ಫೈಲು. ಅದನ್ನು ಹಿಂದಿರುಗಿಸಿದ್ದೇ ತಡ, ಎರಡೂ ತೆರೆದವು.

"ಮತ್ತ ನಿಂತಿರೋ ಕೆಲಸ ಯಾರು ಮಾಡೋರು?" ಎಂದು ಶರಣಮ್ಮ ಕುರ್ಚಿ ಬಿಟ್ಟುಕೊಟ್ಟಳು.

ಋಣ ತೀರಿಸಲು ಕೂತು ಲಗ್ನಪತ್ರಿಕೆ ಟೈಪ್ ಮಾಡಿದೆ. ಸುಖಾಗಮನ ಬಯಸುವವರೇ ಅರವತ್ತೆರಡು ಮಂದಿ. ಅದರಲ್ಲಿ ಅರ್ಧ ಜನ ಯಾಕೆ ಬೇಕೋ ನನಗೆ ತಿಳಿಯಲಿಲ್ಲ. ಒಬ್ಬರನ್ನೂ ಬಿಡಲಿಲ್ಲ.