ಕೊಟ್ರಪ್ಪ ಕಲಿತ ಅಳು

ನಾಟಕಕ್ಕೆಂದು ಮೀಸೆ ತೆಗೆಸಿಕೊಂಡ ದಿನ ಕೊಟ್ರಪ್ಪ ಬೀಡಿ ಮುಟ್ಟುತ್ತಿರಲಿಲ್ಲ. ತಾಯಿಯ ಬಾಯಿ ಬೀಡಿ ವಾಸನೆ ಹೊಡೆದರೆ ತೊಡೆಯ ಮೇಲೆ ಮಲಗುವ ಮಗನಿಗೆ ಹೇಗಾಗಬೇಡ ಎನ್ನುತ್ತಿದ್ದ. ಆ ಮಗನ ಪಾತ್ರದವನೋ ಇವನಿಗಿಂತ ಹತ್ತು ವರ್ಷ ದೊಡ್ಡವನು, ಒಂದು ಕಟ್ಟು ಬೀಡಿ ಖಾಲಿ ಮಾಡಿಯೇ ರಂಗಕ್ಕೆ ಬರುವ ಭೂಪ.

ಸ್ವಾತಂತ್ರ್ಯ ಬಂದ ಹೊಸದು. ಬಳ್ಳಾರಿಯ ನಮ್ಮ ನಾಟಕದ ತಂಡದಲ್ಲಿ ಪರದೆಯ ಮರೆಯಿಂದ ಮಾತು ಹೇಳಿಕೊಡುವವನು ನಾನು. ಹಗಲು ಶಾಲಾ ಮಾಸ್ತರ. ಕೊಟ್ರಪ್ಪ ಕುರುಗೋಡಿನ ದರ್ಜಿ. ಪಾತ್ರಕ್ಕೆ ಹೆಂಗಸರು ಸಿಗದ ಕಾಲ, ತಾಯಿಯ ಪಾತ್ರವೆಲ್ಲ ಅವನದೇ. ಕೊನೆಯ ಅಂಕದಲ್ಲಿ ಸತ್ತ ಮಗನನ್ನು ತೊಡೆಗೆ ಹಾಕಿಕೊಂಡು ಅಳಬೇಕು. ನನ್ನ ಪುಸ್ತಕದಲ್ಲಿ ‘ತಾಯಿ ಅಳುತ್ತಾಳೆ’ ಎಂದಷ್ಟೇ ಇತ್ತು. ಅವನು ಮೊದಲು ಹೆಣದ ಬೆರಳುಗಳನ್ನು ಒಂದೊಂದಾಗಿ ನೀವುತ್ತಿದ್ದ. ಆಮೇಲೆ ಗಂಟಲ ತಳದಿಂದ, ಉಸಿರು ಒಳಕ್ಕೆಳೆಯುತ್ತ, ಸಣ್ಣಗೆ ಒಂದು ದನಿ. ಮನೆಯಲ್ಲಿ ಒಬ್ಬನೇ ಇದ್ದಾಗ ಇಂದಿಗೂ ಅದು ಕೇಳಿದಂತಾಗಿ ತಿರುಗಿ ನೋಡುತ್ತೇನೆ. ಎಲ್ಲಿ ಕಲಿತೆಯೋ ಎಂದರೆ, ಮನೆಯಲ್ಲಿ ಎಂದು ನಕ್ಕುಬಿಡುತ್ತಿದ್ದ.

ಸಿರುಗುಪ್ಪದಲ್ಲಿ ಆಡಿದಾಗ ಅವನ ತಾಯಿ ಹಂಪಮ್ಮ ಮೊದಲ ಸಲ ನೋಡಲು ಬಂದಳು. ಆ ಅಳು ಶುರುವಾದೊಡನೆ ಎದ್ದು ನಿಂತವಳು ಆಟ ಮುಗಿಯುವವರೆಗೆ ಕೂರಲೇ ಇಲ್ಲ. ಕೆಂಚನಗುಡ್ಡದ ಹತ್ತಿರ ಹೊಳೆಯಲ್ಲಿ ಹಿರಿಯ ಮಗ ಮುಳುಗಿ ಸತ್ತಾಗ ಆಕೆ ದಂಡೆಯ ಮೇಲೆ ಹಾಗೆಯೇ ಅತ್ತಿದ್ದಳಂತೆ, ಹಾಗೆಯೇ ಬೆರಳು ನೀವುತ್ತ. ಆರು ವರ್ಷದ ಕೊಟ್ರಪ್ಪ ಪಕ್ಕದಲ್ಲಿ ನಿಂತಿದ್ದ. ಆಟ ಮುಗಿದ ಮೇಲೆ, ಸೀರೆ ಕಳಚುತ್ತಿದ್ದ ಮಗನ ಎದುರು ಬಂದು ಆಕೆ ಮೆಲ್ಲಗೆ ಅಂದಳು:

“ಬೇಕಾದ್ದ ಮಾಡಪ್ಪ, ಅದೊಂದ ಬ್ಯಾಡ. ಆ ಅಳು ನಿಮ್ಮಣ್ಣಂದು.”

ಅವನು ತಾಯಿಯ ಪಾದ ಮುಟ್ಟಿ ಮಾತು ಕೊಟ್ಟ. ಮುಂದಿನ ಆಟಗಳಲ್ಲಿ ಸೆರಗು ಬಾಯಿಗೆ ತುರುಕಿಕೊಂಡು ಸುಮ್ಮನೆ ಕೂರತೊಡಗಿದ. ಜನ ಗೊಣಗಿದರು. ನಾನೂ, ಬುದ್ಧಿಗೇಡಿ, ಪರದೆಯ ಹಿಂದಿನಿಂದ ಅಳೋ ಅಳೋ ಎಂದು ಪಿಸುಗುಟ್ಟಿದೆ. ವರ್ಷದೊಳಗೆ ಪಾತ್ರ ಬೇರೆಯವನ ಪಾಲಾಯಿತು. ಅವನು ಮತ್ತೆ ಮೀಸೆ ಬಿಟ್ಟ.

ಹಂಪಮ್ಮ ತೀರಿಕೊಂಡಾಗ ಕುರುಗೋಡಿಗೆ ಹೋದೆ. ಆಕೆಯನ್ನು ಗೋಡೆಗೆ ಒರಗಿಸಿ ಕೂರಿಸಿದ್ದರು. ಪಕ್ಕದಲ್ಲಿ ಕೊಟ್ರಪ್ಪ, ಕಣ್ಣು ಒಣಗಿತ್ತು. ನಾಟಕದಲ್ಲಿ ಹೊಳೆ ಹರಿಸಿದವನಿಗೆ ಹೆತ್ತವಳಿಗಾಗಿ ಒಂದು ಹನಿ ಇಲ್ಲವಲ್ಲ ಎಂದು ಹೆಂಗಸರು ಆಡಿಕೊಳ್ಳುತ್ತಿದ್ದರು. ನಾನು ಹತ್ತಿರ ಕೂತು, ಅತ್ತು ಹಗುರಾಗಪ್ಪ ಎಂದೆ. ಅವನು ತಾಯಿಯ ಬೆರಳುಗಳತ್ತ ಕೈ ಚಾಚಿ, ಹಿಂದಕ್ಕೆ ಎಳೆದುಕೊಂಡ.

“ನನಗ ಬರೋದು ಅದೊಂದ ಅಳು, ಮಾಸ್ತರ್ರ. ಅದು ನಮ್ಮಣ್ಣಂದು ಐತಿ.”

ಹೆಗಲ ಮೇಲಿನ ಟವೆಲಿನ ಅಂಚನ್ನು ಬಾಯಿಗೆ ತುರುಕಿಕೊಂಡು ಸುಮ್ಮನೆ ಕೂತ. ನಾನು ಅವನನ್ನು ಕಂಡಿದ್ದು ಅದೇ ಕೊನೆ.