ಕಿಂಡಿಗಿಟ್ಟ ಕಣ್ಣು

ಇಂಗ್ಲೆಂಡಿನ ಗಿರಣಿ ಊರು ಓಲ್ಡಮ್‌ನ ವಿಲ್ಫ್ ಎಂಟ್ವಿಸಲ್‌ನ ಸಿನಿಮಾಗಳಲ್ಲಿ ಕಥೆ ಅವನದೇ, ಕ್ಯಾಮೆರಾ ಅವನದೇ, ಕತ್ತರಿ ಅವನದೇ. ದೆವ್ವದ ಚಿತ್ರ, ನಗೆಚಿತ್ರ, ಪಾರಿವಾಳ ಸಾಕುವವರ ಮೇಲೊಂದು ಸಾಕ್ಷ್ಯಚಿತ್ರ, ಯಾವುದನ್ನೂ ಬಿಟ್ಟವನಲ್ಲ. ಲಂಡನ್ನಿನ ಸಿನಿಮಾದವರು ಕರೆದಾಗ, ಇನ್ನೊಬ್ಬರ ಅಡುಗೆಮನೆಯಲ್ಲಿ ಸೌಟು ಹಿಡಿಯಲಾರೆ ಎಂದುಬಿಟ್ಟ. ಆ ಜಂಬ ಹೆಂಡತಿ ನೋರೀನ್‌ಗೆ ಇಷ್ಟವೂ ಹೌದು, ತಲೆನೋವೂ ಹೌದು.

ಹಳೆಯ ಹತ್ತಿ ಗಿರಣಿಯ ಚಿಮಣಿ ಉರುಳಿಸುವ ದಿನ ಬಂತು. ವರ್ಷಗಳಿಂದ ಎಳೆಯುತ್ತಿದ್ದ ಚಿತ್ರದ ಕೊನೆಯ ದೃಶ್ಯ ಅದೇ: ಮುದಿ ಕಾರ್ಮಿಕ ಚಹಾದ ಡಬ್ಬಿ ಹಿಡಿದು ನಡೆದುಬರುತ್ತಾನೆ, ಬೆನ್ನ ಹಿಂದೆ ಚಿಮಣಿ ಬೀಳುತ್ತದೆ. ಬೀಳುವುದು ಒಂದೇ ಸಲ. ಬುಡದ ಇಟ್ಟಿಗೆ ಕಿತ್ತು, ಮರದ ತುಂಡುಗಳ ಆಸರೆ ಕೊಟ್ಟು ನಿಲ್ಲಿಸಿದ್ದ ಚಿಮಣಿ ನೋಡಿ ನಟ ಜಾಗ ಖಾಲಿ ಮಾಡಿದ. ಮುದಿ ಕಾರ್ಮಿಕನ ಟೋಪಿಯನ್ನು ವಿಲ್ಫ್ ತಾನೇ ಹಾಕಿಕೊಂಡ.

ಹಾಗಾದರೆ ಕ್ಯಾಮೆರಾ? ಅದರ ಹಿಂದಿನ ಕಿಂಡಿಗೆ ಸದಾ ಕಣ್ಣು ಒತ್ತಿರಬೇಕು. ಇಲ್ಲದಿದ್ದರೆ ಅಲ್ಲಿಂದಲೇ ಬೆಳಕು ನುಗ್ಗಿ ಫಿಲ್ಮ್ ಬಿಳಿಚಿಕೊಳ್ಳುತ್ತದೆ. ಕಿಂಡಿಯ ಮುಚ್ಚಳ ಎಂದೋ ಮುರಿದಿತ್ತು. ತನ್ನ ಕಣ್ಣು ಅಲ್ಲೇ ಇರುತ್ತದಲ್ಲ ಎಂದು ವಿಲ್ಫ್ ರಿಪೇರಿ ಮಾಡಿಸಿರಲಿಲ್ಲ. ಈಗ ನೋರೀನ್‌ಳನ್ನು ಕೂರಿಸಿದ.

"ಆಕಾಶಾನೇ ಕಳಚಿ ಬಿದ್ರೂ ಕಣ್ಣು ಕದಲಿಸ್ಬೇಡ ಕಣೇ."

"ಆಕಾಶದ ಮಾತು ಬಿಡು. ನೀನು ಆ ಕೆಂಪು ಬಾವುಟದ ಆಚೆ ಹೋಗ್ಬೇಡ ಮಾರಾಯ."

ಬಾವುಟದ ಆಚೆ ಹೋದರೆ ಜೀವಕ್ಕೆ ಖಾತ್ರಿಯಿಲ್ಲ ಎಂದು ಚಿಮಣಿ ಉರುಳಿಸುವ ಆಲ್ಬರ್ಟ್ ಮೊದಲೇ ಎಚ್ಚರಿಸಿದ್ದ. ಬುಡಕ್ಕೆ ಬೆಂಕಿ ಹಚ್ಚಿದರು. ಮರದ ತುಂಡುಗಳು ಸಿಡಿಯತೊಡಗಿದವು. ಕಿಂಡಿಯಲ್ಲಿ ನೋರೀನ್ ಹುಡುಕಿದರೆ ಗಂಡ ಬಾವುಟದ ಆಚೆಗೇ ನಿಂತಿದ್ದಾನೆ. ದೃಶ್ಯ ಚೆನ್ನಾಗಿ ಬರಲಿ ಎಂಬ ಅದೇ ಹಾಳು ಚಪಲ. ಎಚ್ಚರಿಕೆಯ ಕೊಂಬು ಕೂಗುವ ಮೊದಲೇ ಚಿಮಣಿಯ ನೆತ್ತಿ ಕದಲಿತು, ಅವನಿದ್ದ ಕಡೆಗೇ. ಅವನು ಚಿಮಣಿಗೆ ಬೆನ್ನು ತಿರುಗಿಸಿ, ಮುದುಕನ ನಡಿಗೆಯಲ್ಲಿ ನಿಧಾನವಾಗಿ ಬರುತ್ತಿದ್ದ. ಅಷ್ಟು ವರ್ಷಗಳ ಶ್ರಮ ಅವಳ ಒಂದು ಕಣ್ಣಿನ ಮೇಲೆ ನಿಂತಿತ್ತು.

ಅವಳು ಕಣ್ಣು ಕಿತ್ತು ಎದ್ದು ನಿಂತಳು.

"ವಿಲ್ಫ್, ಓಡು!"

ಓಡಿದ. ಅವನಿದ್ದ ಜಾಗದಲ್ಲಿ ಇಟ್ಟಿಗೆಯ ರಾಶಿ ಬಿತ್ತು. ಧೂಳಿನಿಂದ ಕೆಮ್ಮುತ್ತಾ ಬಂದವನು ಮೊದಲು ಕೇಳಿದ್ದು ಕಣ್ಣು ತೆಗೆದೆಯಾ ಎಂದು. ಅವಳು ಹೌದೆಂದು ತಲೆಯಾಡಿಸಿದಳು. ಆಮೇಲೆ ವಾರಗಟ್ಟಲೆ ಮನೆಯಲ್ಲಿ ಮಾತಿಲ್ಲ. ಎದುರುಬದುರು ಕೂತು ಚಿಪ್ಸ್ ತಿಂದರು, ಉಪ್ಪು ಕೇಳಲೂ ಬಾಯಿ ಬಿಡಲಿಲ್ಲ.

ಚಿತ್ರ ತೋರಿಸಿದ್ದು ಕಾರ್ಮಿಕರ ಕ್ಲಬ್ಬಿನಲ್ಲಿ. ನೋರೀನ್ ಕೊನೆಯ ಸಾಲಿನಲ್ಲಿ, ಕೈಚೀಲ ಹಿಸುಕುತ್ತಾ ಕೂತಿದ್ದಳು. ಬೆಳಕು ನುಗ್ಗಿ ಹಾಳಾದ ಆ ತುಂಡನ್ನು ಅವನು ಕತ್ತರಿಸಿರುತ್ತಾನೆ ಎಂದೇ ತಿಳಿದಿದ್ದಳು. ಕತ್ತರಿಸಿರಲಿಲ್ಲ. ಮುದುಕ ನಡೆದ, ಚಿಮಣಿ ವಾಲಿತು, ಒಮ್ಮೆಲೇ ಪರದೆ ತುಂಬ ಬೆಳಕು. ಗಿರಣಿಯಲ್ಲಿ ದುಡಿದು ಮುದುಕಿಯರಾದವರು ಬಿಕ್ಕಿದರು.

ಪತ್ರಿಕೆಯವನೊಬ್ಬ, ಆ ಬೆಳಕಿನ ಯೋಚನೆ ಹೇಗೆ ಬಂತು ಎಂದು ಕೇಳಿದ. ವಿಲ್ಫ್ ಬಿಯರ್ ಲೋಟ ಕೆಳಗಿಟ್ಟು ಕೊನೆಯ ಸಾಲಿನತ್ತ ನೋಡಿದ.

"ಮಿಕ್ಕಿದ್ದೆಲ್ಲ ನಂದೇ," ಎಂದ. "ಅದೊಂದು ಮಾತ್ರ ನನ್ ಹೆಂಡ್ತೀದು. ಆಗ ಅವಳು ಕ್ಯಾಮೆರಾ ಬಿಟ್ಟು ನನ್ನ ನೋಡ್ತಿದ್ಲು."