ಅಡ್ಡಬಿದಿರಿನ ಅರಿಶಿನ

ಹೆಗ್ಗಡದೇವನಕೋಟೆಯ ಗರಡಿಗೆ ದಾಸಯ್ಯನೇ ಉಸ್ತಾದ್. ಊರವರು ಕುಸ್ತಿ ಕುಸ್ತಿ ಎಂದು ಬಡಿದುಕೊಂಡರೆ ಅವನಿಗೆ ಮಾತ್ರ ಎರಡು ಕಂಬಗಳ ನಡುವಿನ ಅಡ್ಡಬಿದಿರಿನ ಹುಚ್ಚು. ಅದಕ್ಕೆ ಜೋತುಬಿದ್ದು, ಗದ್ದ ಬಿದಿರಿನ ಮೇಲೆ ಬರುವಂತೆ ಮೈಯೆತ್ತಲಾರದವನನ್ನು ಗಂಡಸೆಂದೇ ಎಣಿಸುತ್ತಿರಲಿಲ್ಲ. ಸಾಲದ್ದಕ್ಕೆ ಒಂದು ಕುಚೇಷ್ಟೆ ಬೇರೆ. ಯಾರಾದರೂ ಜೋತಾಡುತ್ತಿರುವಾಗ ಬಾಗಿಲಲ್ಲಿ ನಿಂತು, "ಹಾವು! ಕೈ ಬುಡ್ಲಾ!" ಎಂದು ಕೂಗುವನು. ಹೆದರಿ ಕೈಬಿಟ್ಟವನು ಅಂದು ಗರಡಿ ಗುಡಿಸಬೇಕು.

ಒಮ್ಮೆಯೂ ಗುಡಿಸದವನು ಅವನ ತಮ್ಮ ಚೆಲುವಯ್ಯ. ತಾಯಿ ಸತ್ತಾಗಿನಿಂದ ದಾಸಯ್ಯನೇ ಹೆಗಲ ಮೇಲೆ ಹೊತ್ತು ಸಾಕಿದ ಜೀವ ಅದು. ಆ ವರ್ಷ ದಸರೆಗೆ ಮೈಸೂರಿನಲ್ಲಿ ಕಸರತ್ತು ತೋರಿಸಲು ಚೆಲುವಯ್ಯನಿಗೆ ಕರೆ ಬಂತು. ಅಷ್ಟರಲ್ಲಿ ಹಳೆಯ ಬಿದಿರು ಸೀಳಿತು. ಬೆಳದಿಂಗಳಿನ ದಿನಗಳಲ್ಲಿ ಕಡಿದ ಬಿದಿರಿಗೆ ಹುಳು ಬೀಳುತ್ತದೆಂದು ಕಾಡಂಚಿನ ಆ ಊರಲ್ಲಿ ಎಲ್ಲರೂ ಅಮಾವಾಸ್ಯೆಗೆ ಕಾಯುವವರೇ. ದಾಸಯ್ಯನಿಗೆ ಅಷ್ಟು ತಾಳ್ಮೆ ಎಲ್ಲಿತ್ತು? ಹುಣ್ಣಿಮೆಯ ಮಾರನೆಯ ದಿನವೇ ಕಡಿದು ತಂದು ಕಟ್ಟಿದ.

ಗರಡಿಗೆ ಹೆಂಗಸರು ಕಾಲಿಡುವಂತಿಲ್ಲ. ದಾಸಯ್ಯನ ಹೆಂಡತಿ ಪುಟ್ಟಸಿದ್ದಮ್ಮ ಪೂಜೆಯ ಅರಿಶಿನ ಕುಂಕುಮವನ್ನು ಮೈದುನನ ಕೈಲಿ ಕಳಿಸುವಳು. ಚೆಲುವಯ್ಯ ನಸುಗತ್ತಲಲ್ಲೇ ಹೋಗಿ, ಬಿದಿರಿಗೆ ಪೂಜೆ ಮಾಡಿ ಕಸರತ್ತಿಗೆ ಇಳಿಯುವನು. ಅವನು ಮುಗಿಸಿದ ಮೇಲೆ ಬರುವ ದಾಸಯ್ಯನಿಗೆ ಗರಡಿಯ ಕೆಮ್ಮಣ್ಣಿನ ಮೇಲೆ ಹಳದಿ ಪುಡಿ ಉದುರಿರುವುದು ಕಾಣುತ್ತಿತ್ತು. ತಮ್ಮನ ಭಕ್ತಿಗೆ ಮನಸ್ಸು ತುಂಬಿಬರುತ್ತಿತ್ತು. ಪುಡಿ ದಿನದಿನಕ್ಕೆ ಹೆಚ್ಚಾಯಿತು. ಬಿದಿರು ಸಣ್ಣಗೆ ಕಿರುಗುಟ್ಟತೊಡಗಿತು. ಹೊಸದು, ಪಳಗಬೇಕು ಎಂದುಕೊಂಡ ಪುಣ್ಯಾತ್ಮ.

ಒಂದು ಬೆಳಗ್ಗೆ ಅಂಬಲಿ ಕುಡಿಯುತ್ತಾ ಹೆಂಡತಿಗೆ ಹೇಳಿದ:

"ಅರಿಸ್ನ ವಸಿ ಕಮ್ಮಿ ಕೊಡಮ್ಮಿ. ಗರಡಿ ತುಂಬಾ ಚೆಲ್ಲವ್ನೆ ನಿನ್ ಮೈದ."

"ಅರಿಸ್ನ ಎಲ್ಲದೆ? ಮುಗ್ದು ಎಸ್ಟೋ ದಿನಾಯ್ತು. ಬರೀ ಕುಂಕ್ಮ ಕಳಿಸ್ತಿವ್ನಿ" ಎಂದಳು ಪುಟ್ಟಸಿದ್ದಮ್ಮ.

ದಾಸಯ್ಯ ಬಟ್ಟಲನ್ನು ಅಲ್ಲೇ ಬಿಟ್ಟ. ಎದ್ದುಬಿದ್ದು ಗರಡಿಗೆ ಓಡಿದ.

ಚೆಲುವಯ್ಯ ಬಿದಿರಿಗೆ ಸುಮ್ಮನೆ ಜೋತುಬಿದ್ದು ಉಸಿರೆಳೆದುಕೊಳ್ಳುತ್ತಿದ್ದ. ನೆಲ ಅವನ ಪಾದಕ್ಕೆ ಒಂದು ಗೇಣು ಕೆಳಗಿತ್ತು.

"ಚೆಲ್ವಾ! ಕೈ ಬುಡ್ಲಾ!"

ಚೆಲುವಯ್ಯ ಹಲ್ಲುಬಿಟ್ಟು ನಕ್ಕ. "ಬುಡಾಕಿಲ್ಲ ಕಣಣ್ಣಾ!"

ಅಣ್ಣನಿಗೆ ತೋರಿಸಿಯೇ ಬಿಡಬೇಕೆಂದು ಜೀಕಿ, ಕಾಲುಗಳನ್ನು ಮೇಲಕ್ಕೆಸೆದು ತಲೆಕೆಳಗಾದ. ಆಗಲೇ ಬಿದಿರು ಲಟ್ಟೆಂದಿತು.

ಅವನು ಮತ್ತೆ ಏಳಲಿಲ್ಲ. ಹುಳು ಕೊರೆದು ಹಳದಿ ಪುಡಿ ಉದುರುತ್ತಿದ್ದ ಮುರಿದ ತುಂಡು ಅವನ ಮುಷ್ಟಿಯಲ್ಲೇ ಇತ್ತು. ಆ ಬೆರಳುಗಳನ್ನು ಒಂದೊಂದಾಗಿ ದಾಸಯ್ಯನೇ ಬಿಡಿಸಬೇಕಾಯಿತು.